ಬರ್ತೀನಿ ಅಂತ ಹೇಳಿ ಹೋಗುವ ಫೋನು

ನಮ್ಮ ಅಮ್ಮನಿಗೆ ವಿಮಾನದ ವೇಳಾಪಟ್ಟಿ ಗೊತ್ತಿಲ್ಲ. ಯಾವ ವಿಮಾನ ಎಲ್ಲಿ ಹಾರುತ್ತಿದೆ ಎಂದು ನಕ್ಷೆಯ ಮೇಲೆ ತೋರಿಸುವ ಆಪ್ ಬಂದಿದೆ ಎಂದರೆ ಅವಳು ನಂಬಲೂ ಇಲ್ಲ, ಹಾಕಿಸಿಕೊಳ್ಳಲೂ ಇಲ್ಲ. ಅವಳ ಲೆಕ್ಕವೇ ಬೇರೆ. ನಾನು ದೆಹಲಿಗೋ ಮುಂಬೈಗೋ ಹೊರಟ ದಿನ ತೀರ್ಥಹಳ್ಳಿಯ ಮನೆಯ ಜಗಲಿಯಲ್ಲಿ ಕೂತು ಹತ್ತು ನಿಮಿಷಕ್ಕೊಮ್ಮೆ ನನ್ನ ನಂಬರ್ ಒತ್ತುತ್ತಾಳೆ. ನಾನು ಎತ್ತುವುದು ಅವಳಿಗೆ ಬೇಕಿಲ್ಲ. ರಿಂಗಾದರೆ ಥಟ್ಟನೆ ಕಟ್ ಮಾಡುತ್ತಾಳೆ, ಇನ್ನೂ ಹತ್ತಿಲ್ಲ ಎಂದು ಲೆಕ್ಕ. ಚಂದಾದಾರರು ಸ್ವಿಚ್ ಆಫ್ ಮಾಡಿದ್ದಾರೆ ಎಂದು ಆ ಹೆಣ್ಣುದನಿ ಹೇಳಿತೋ, ಅಪ್ಪನ ಕಡೆ ತಿರುಗಿ "ಹಾರ್ತು" ಎನ್ನುತ್ತಾಳೆ. ಊಟ ಮುಗಿಸಿ, ಪಾತ್ರೆ ತೊಳೆದಿಟ್ಟು ಮತ್ತೆ ಒತ್ತುತ್ತಾಳೆ. ರಿಂಗಾದರೆ "ಇಳೀತು". ವ್ಯಾಪ್ತಿ ಪ್ರದೇಶದ ಹೊರಗಿದ್ದಾರೆ ಎಂದು ಕೇಳಿಸಿದರೆ ಮಾತ್ರ ಮುಖ ಸಣ್ಣಗಾಗುತ್ತದೆ. "ಹೊರಗೆ ಅಂದ್ರೆ ಎಲ್ಲಿ ಮಾರಾಯ?" ಎಂದು ಒಮ್ಮೆ ನನ್ನನ್ನೇ ಕೇಳಿದ್ದಳು.

ಯಾರೂ ಕಲಿಸದೆ ಅವಳು ಕಂಡುಕೊಂಡ ಈ ವಿದ್ಯೆ ಬಹುಮಟ್ಟಿಗೆ ಸರಿಯಾಗಿಯೇ ಇದೆ. ಇನ್ನೊಬ್ಬರ ಫೋನು ಏರೋಪ್ಲೇನ್ ಮೋಡಿನಲ್ಲಿದೆಯೇ ಎಂದು ದೂರದಿಂದ ಪತ್ತೆ ಹಚ್ಚಲು ಹೊರಟವರಿಗೆ ಸಿಗುವ ಸುಳಿವುಗಳೆಲ್ಲ ಹೀಗೆ ಬೇರೆ ಯಾವುದೋ ಉದ್ದೇಶಕ್ಕೆ ಹುಟ್ಟಿದವು. ವಿಮಾನದಲ್ಲಿ ಇಂಥ ಯಂತ್ರಗಳ ಬಾಯಿ ಮುಚ್ಚಿಸುವ ಕಥೆಯೂ ಮೊಬೈಲಿಗಿಂತ ಹಳೆಯದು.

1960ರ ದಶಕದ ಆರಂಭದಲ್ಲಿ ಅಮೆರಿಕದ ವಿಮಾನಯಾನ ಇಲಾಖೆ ತಲೆ ಕೆಡಿಸಿಕೊಂಡದ್ದು ಪ್ರಯಾಣಿಕರು ತೊಡೆಯ ಮೇಲಿಟ್ಟುಕೊಂಡು ಕೇಳುತ್ತಿದ್ದ ಎಫ್‌ಎಂ ರೇಡಿಯೊಗಳ ವಿಷಯದಲ್ಲಿ. ರೇಡಿಯೊ ಬರೀ ಕೇಳುವ ಪೆಟ್ಟಿಗೆ, ಅದರಿಂದೇನು ತೊಂದರೆ ಎನಿಸಬಹುದು. ಆದರೆ ಬೇಕಾದ ಸ್ಟೇಷನ್ ಹಿಡಿಯುವುದಕ್ಕಾಗಿ ಅದು ತನ್ನೊಳಗೇ ಒಂದು ಸಣ್ಣ ಅಲೆಯನ್ನು ಹುಟ್ಟಿಸಿಕೊಳ್ಳುತ್ತದೆ, ಸಾಮಾನ್ಯವಾಗಿ ಆ ಸ್ಟೇಷನ್ನಿಗಿಂತ 10.7 ಮೆಗಾಹರ್ಟ್ಸ್ ಮೇಲೆ. 100 ಮೆಗಾಹರ್ಟ್ಸ್‌ನ ಹಾಡು ಹಾಕಿಕೊಂಡರೆ ಪೆಟ್ಟಿಗೆಯಿಂದ 110.7ರ ಅಲೆ ಸೋರುತ್ತದೆ. ಪೈಲಟ್‌ಗೆ ದಿಕ್ಕು ತೋರಿಸುವ ನೆಲದ ಕೇಂದ್ರಗಳು ಮಾತಾಡುವುದು 108ರಿಂದ 118ರ ನಡುವೆ! ಹಾಡು ಕೇಳುವವನು ತನಗೇ ಗೊತ್ತಿಲ್ಲದೆ ದಾರಿ ಹೇಳುವವನ ಮಾತಿಗೆ ಅಡ್ಡ ಬಾಯಿ ಹಾಕುತ್ತಿದ್ದ. ಹಾಗೆ ಹುಟ್ಟಿದ ನಿಷೇಧದ ನಿಯಮ ಮುಂದೆ ಎಲ್ಲ ಎಲೆಕ್ಟ್ರಾನಿಕ್ ಸಾಮಾನುಗಳಿಗೂ ಹಬ್ಬಿತು. ವಿನಾಯಿತಿ ಸಿಕ್ಕಿದ್ದು ಕಿವಿಯ ಯಂತ್ರಕ್ಕೆ, ಹೃದಯದ ಪೇಸ್‌ಮೇಕರ್‌ಗೆ, ಧ್ವನಿಮುದ್ರಣ ಯಂತ್ರಕ್ಕೆ, ಮತ್ತೆ ಗಡ್ಡ ಹೆರೆಯುವ ಎಲೆಕ್ಟ್ರಿಕ್ ಶೇವರ್‌ಗೆ. ಆ ಕಾಲದ ವಿಮಾನಗಳಲ್ಲಿ ಯಾರು ಓಡಾಡುತ್ತಿದ್ದರು ಎಂಬುದಕ್ಕೆ ಈ ಕೊನೆಯ ವಿನಾಯಿತಿಗಿಂತ ದೊಡ್ಡ ಸಾಕ್ಷಿ ಬೇಡ.

ಮೊಬೈಲಿಗೆ ನಿಷೇಧ ಬಂದದ್ದು 1991ರಲ್ಲಿ. ಅದನ್ನು ಹೇರಿದ್ದು ಅಮೆರಿಕದ ವಿಮಾನಯಾನ ಇಲಾಖೆಯಲ್ಲ, ದೂರಸಂಪರ್ಕ ಆಯೋಗ. ಅವರಿಗಿದ್ದ ಚಿಂತೆ ನೆಲದ ಮೇಲಿನ ಟವರ್‌ಗಳದ್ದು. ನೆಲದಲ್ಲಿರುವ ಫೋನಿಗೆ ಸುತ್ತಲಿನ ನಾಲ್ಕಾರು ಟವರ್‌ಗಳು ಕಂಡರೆ ಹೆಚ್ಚು. ಹತ್ತು ಕಿಲೋಮೀಟರ್ ಎತ್ತರದಿಂದ ದಿಗಂತ ಸುಮಾರು 350 ಕಿಲೋಮೀಟರ್ ದೂರಕ್ಕೆ ಸರಿಯುತ್ತದೆ. ಬೆಂಗಳೂರಿನ ಮೇಲೆ ಹಾರುವ ಫೋನಿನ ದೃಷ್ಟಿಗೆ ಕೋಲಾರವೂ ಬೀಳುತ್ತದೆ, ಮೈಸೂರೂ ಸೇಲಮ್ಮೂ ಬೀಳುತ್ತವೆ. ಒಂದು ಫೋನು ನೂರಾರು ಟವರ್‌ಗಳ ಬಾಗಿಲನ್ನು ಒಟ್ಟಿಗೇ ತಟ್ಟಿದರೆ ಜಾಲ ಗೊಂದಲಕ್ಕೆ ಬೀಳುತ್ತದೆ ಎಂಬುದು ಅವರ ವಾದ. "ಫೋನ್ ಆನ್ ಇದ್ದರೆ ವಿಮಾನ ಬೀಳುತ್ತದೆ" ಎಂದು ಪಕ್ಕದ ಸೀಟಿನವರನ್ನು ಹೆದರಿಸುವ ನಮ್ಮ ಸಹಪ್ರಯಾಣಿಕರು ಈ ಭಾಗವನ್ನು ಕೇಳಿಲ್ಲ.

ಕಾಕ್‌ಪಿಟ್ಟಿಗೆ ಏನೂ ತಟ್ಟುವುದಿಲ್ಲ ಎಂದಲ್ಲ. ಹಳೆಯ ಫೋನುಗಳ ಕಾಲದಲ್ಲಿ ಕರೆ ಬರುವ ಮುಂಚೆ ಟಿ.ವಿ., ರೇಡಿಯೊ, ಕಂಪ್ಯೂಟರ್ ಸ್ಪೀಕರ್ ಎಲ್ಲ ಒಂದು ಥರ ಟರ್ರ್ ಟರ್ರ್ ಎನ್ನುತ್ತಿದ್ದವಲ್ಲ? ಜಿಎಸ್‌ಎಂ ಎಂಬ ಜಾಲವ್ಯವಸ್ಥೆಯ ಫೋನು ಸೆಕೆಂಡಿಗೆ ಸುಮಾರು 217 ಬಾರಿ ತುಂಡು ತುಂಡಾಗಿ ಮಾತಾಡುವುದರ ಸದ್ದು ಅದು. ಪೈಲಟ್‌ಗಳ ಹೆಡ್‌ಫೋನಿಗೂ ಅದೇ ಟರ್ರ್ ನುಗ್ಗುತ್ತಿತ್ತು, ಕೆಲವೊಮ್ಮೆ ರನ್‌ವೇ ನಂಬರ್ ಕೇಳಿಸಿಕೊಳ್ಳುವ ಹೊತ್ತಿಗೇ.

ಅಮ್ಮನ ಲೆಕ್ಕಕ್ಕೆ ಬೇಕಾದ ಭಾಗ ಇನ್ನು ಮುಂದಿನದು. ಜಿಎಸ್‌ಎಂ ವ್ಯವಸ್ಥೆಯನ್ನು ರೂಪಿಸಿದ ಯುರೋಪಿನ ಎಂಜಿನಿಯರುಗಳು ಫೋನಿಗೆ ಒಂದು ಶಿಷ್ಟಾಚಾರ ಕಲಿಸಿದರು. ಆನ್ ಆದಾಗ ಟವರಿಗೆ ಬಂದೆ ಎನ್ನಬೇಕು. ಆಫ್ ಆಗುವ ಮುನ್ನ ಹೊರಟೆ ಎನ್ನಬೇಕು. ನಮ್ಮ ಕಡೆ ಮನೆ ಬಿಡುವಾಗ "ಹೋಗ್ತೀನಿ" ಎಂದರೆ ಹಿರಿಯರು ಗದರುತ್ತಾರೆ, "ಬರ್ತೀನಿ ಅನ್ನು" ಎಂದು. ಫೋನಿನದೂ ಬರ್ತೀನಿಯೇ. ಅದು ಉತ್ತರಕ್ಕೆ ಕಾಯುವುದಿಲ್ಲ, ಜಾಲವೂ ಆಯ್ತು ಎನ್ನುವುದಿಲ್ಲ. ತನ್ನ ಹಾಜರಿ ಪುಸ್ತಕದಲ್ಲಿ ಆ ಚಂದಾದಾರನ ಹೆಸರಿನ ಮುಂದೆ ಇವನಿಲ್ಲ ಎಂದು ಗುರುತು ಮಾಡಿಕೊಳ್ಳುತ್ತದೆ ಅಷ್ಟೆ. ಆಮೇಲೆ ಯಾರು ಕರೆ ಮಾಡಿದರೂ ಹುಡುಕುವ ಗೋಜಿಗೆ ಹೋಗದೆ ತಕ್ಷಣ ಸ್ವಿಚ್ ಆಫ್ ಎಂದು ಕೇಳಿಸುತ್ತದೆ. ಏರೋಪ್ಲೇನ್ ಮೋಡ್ ಒತ್ತಿದಾಗಲೂ ಫೋನು ಸಾಮಾನ್ಯವಾಗಿ ಇದೇ ಬರ್ತೀನಿ ಹೇಳಿಯೇ ಬಾಯಿ ಮುಚ್ಚುತ್ತದೆ. ಹಾಗಾಗಿ ಹೊರಗಿನವರಿಗೆ ಎರಡೂ ಒಂದೇ.

ಆಗುಂಬೆ ಘಾಟಿಯಲ್ಲಿ ಸಿಗ್ನಲ್ ಸತ್ತಾಗ, ಬ್ಯಾಟರಿ ಕಿತ್ತಾಗ, ಫೋನು ಹೊಳೆಗೆ ಬಿದ್ದಾಗ ಬರ್ತೀನಿ ಹೇಳಲು ವ್ಯವಧಾನವಿರುವುದಿಲ್ಲ. ಪುಸ್ತಕದಲ್ಲಿ ಹೆಸರು ಹಾಗೇ ಇರುತ್ತದೆ. ಕರೆ ಬಂದಾಗ ಜಾಲ ಆ ಪ್ರದೇಶದ ಟವರ್‌ಗಳಿಂದೆಲ್ಲ ಕೂಗಿ ನೋಡುತ್ತದೆ, ಓಗೊಡುವವರಿಲ್ಲ. ಕೆಲವು ಸೆಕೆಂಡುಗಳ ಮೌನದ ಬಳಿಕ ಬರುವುದೇ ವ್ಯಾಪ್ತಿ ಪ್ರದೇಶದ ಹೊರಗೆ. ಆ ಮೌನವೂ ಒಂದು ಸುಳಿವು. ಹೇಳಿ ಹೋದವನ ಬಗ್ಗೆ ಉತ್ತರ ಬೇಗ ಬರುತ್ತದೆ, ಹೇಳದೆ ಹೋದವನನ್ನು ಹುಡುಕಿ ಬರಲು ಹೊತ್ತು ಹಿಡಿಯುತ್ತದೆ. ಆನ್ ಇರುವ ಫೋನು ಆಗಾಗ ಹಾಜರಿ ಹಾಕುತ್ತಿರಬೇಕು. ಎಷ್ಟು ಹೊತ್ತಿಗೂ ಹಾಕದಿದ್ದರೆ ಜಾಲವೇ ಕೈಬಿಟ್ಟು ಹೆಸರು ಹೊಡೆದುಹಾಕುತ್ತದೆ. ಹಾಜರಿಯ ಅವಧಿಯನ್ನು ಕಂಪನಿ ತಾನೇ ಗೊತ್ತುಮಾಡಿಕೊಳ್ಳಬಹುದು, ಜಿಎಸ್‌ಎಂನಲ್ಲಿ 6 ನಿಮಿಷದಿಂದ 25 ಗಂಟೆ 30 ನಿಮಿಷದವರೆಗೆ. ಅದಾದ ಮೇಲೆ ಹೊಳೆಯಲ್ಲಿ ಬಿದ್ದ ಫೋನೂ ಸ್ವಿಚ್ ಆಫ್ ಆದ ಫೋನೂ ಜಾಲದ ಕಣ್ಣಿಗೆ ಒಂದೇ. ಕಂಪನಿಯಿಂದ ಕಂಪನಿಗೆ ಘೋಷಣೆಯ ಮಾತುಗಳೂ ಬದಲಾಗುತ್ತವೆ. ಅಮ್ಮನ ವಿದ್ಯೆ ಬಹುಮಟ್ಟಿಗೆ ಸರಿ ಎಂದು ನಾನು ತಡೆದು ಹೇಳಿದ್ದು ಇದಕ್ಕೇ.

ಏರೋಪ್ಲೇನ್ ಮೋಡ್ ಎಂಬ ಗುಂಡಿ ಹುಟ್ಟಿದ್ದು ಬಹಳ ತಡವಾಗಿ. ಫೋನು ಬರೀ ಫೋನಾಗಿದ್ದಾಗ ಅದರ ಅಗತ್ಯವೇ ಇರಲಿಲ್ಲ, ಆಫ್ ಮಾಡಿ ಜೇಬಿಗಿಟ್ಟರೆ ಮುಗಿಯಿತು. ಡೈರಿ, ಆಟ, ಕ್ಯಾಮೆರಾ, ಹಾಡು ಎಲ್ಲ ಅದರೊಳಗೇ ಸೇರಿಕೊಂಡಾಗ, ಬಾಯಿ ಮಾತ್ರ ಮುಚ್ಚಿ ಕಣ್ಣು ತೆರೆದಿಡುವ ಉಪಾಯ ಬೇಕಾಯಿತು. 2002ರಲ್ಲಿ ಬಂದ ಸೋನಿ ಎರಿಕ್ಸನ್ ಪಿ800ನಂಥ ದುಬಾರಿ ಫೋನುಗಳಲ್ಲಿ ಫ್ಲೈಟ್ ಮೋಡ್ ಇತ್ತು. 2007ರ ಮೊದಲ ಐಫೋನಿನ ಸೆಟ್ಟಿಂಗ್ಸಿನಲ್ಲಿ ಅದಕ್ಕೆ ಎಲ್ಲಕ್ಕಿಂತ ಮೇಲಿನ ಜಾಗ ಸಿಕ್ಕಿತು. ಮುಂದೆ ಬೆರಳಿನಿಂದ ಎಳೆದರೆ ಇಳಿದು ಬರುವ ಪರದೆಯ ಮೇಲೂ ಬಂದು ಕೂತಿತು. ಕೂತದ್ದೇ ತೊಂದರೆ. ಊರಿನ ಮೊಬೈಲ್ ಅಂಗಡಿಗೆ "ಎರಡು ದಿನದಿಂದ ಯಾರ ಫೋನೂ ಬರ್ತಿಲ್ಲ, ಸಿಮ್ ಹಾಳಾಗಿದೆ ನೋಡಪ್ಪ" ಎಂದು ಬರುವ ಅಜ್ಜಂದಿರ ಕೈಯಿಂದ ಫೋನ್ ತೆಗೆದುಕೊಂಡ ಹುಡುಗ ಮೊದಲು ನೋಡುವುದು ಪರದೆಯ ನೆತ್ತಿಯ ಮೂಲೆಯನ್ನು. ಅಲ್ಲಿ ಪುಟ್ಟ ವಿಮಾನ ಇರುತ್ತದೆ. ಒಮ್ಮೆ ಮುಟ್ಟಿ ವಾಪಸು ಕೊಡುತ್ತಾನೆ, ದುಡ್ಡು ತೆಗೆದುಕೊಳ್ಳುವುದಿಲ್ಲ. ವಿಮಾನವನ್ನು ಹತ್ತಿರದಿಂದ ನೋಡಿರದ ಆ ಅಜ್ಜಂದಿರು ಎರಡು ದಿನ ಹಾರಾಟದಲ್ಲಿದ್ದು ಬಂದಿರುತ್ತಾರೆ.

ನಮ್ಮ ದೇಶಕ್ಕೆ ಮೊಬೈಲ್ ಬಂದದ್ದು 1995ರ ಜುಲೈ 31ರಂದು, ಪಶ್ಚಿಮ ಬಂಗಾಳದ ಆಗಿನ ಮುಖ್ಯಮಂತ್ರಿ ಜ್ಯೋತಿ ಬಸು ಕೋಲ್ಕತ್ತಾದಿಂದ ದೆಹಲಿಯಲ್ಲಿದ್ದ ಕೇಂದ್ರ ಸಂಪರ್ಕ ಸಚಿವ ಸುಖ್ ರಾಮ್ ಅವರಿಗೆ ಮಾಡಿದ ಕರೆಯೊಂದಿಗೆ. ಒಳಬರುವ ಕರೆಗೂ ದುಡ್ಡು ಕಟ್ಟಬೇಕಿದ್ದ ಕಾಲ. 2003ರಲ್ಲಿ ಅದು ಉಚಿತವಾಯಿತಾದರೂ, ಮಾಡುವ ಕರೆಯ ದುಡ್ಡು ಉಳಿಸಲು ಎತ್ತದೆಯೇ ವಿಷಯ ತಿಳಿಸುವ ಮಿಸ್ಡ್ ಕಾಲ್ ಅಷ್ಟರಲ್ಲಿ ರಕ್ತಗತವಾಗಿತ್ತು. "ಬಸ್ಸಿಳಿದ ತಕ್ಷಣ ಒಂದು ಮಿಸ್ಡ್ ಕಾಲ್ ಕೊಡು" ಎಂದು ಬೆಳೆಸಿದವಳು ಮುಂದೆ ಸ್ವಿಚ್ ಆಫ್ ಘೋಷಣೆಯಿಂದಲೂ ಪುಕ್ಕಟೆ ಸುದ್ದಿ ಹಿಂಡಿದ್ದರಲ್ಲಿ ಆಶ್ಚರ್ಯವಿಲ್ಲ.

ವಿಮಾನದೊಳಗೆ ಆ ಗುಂಡಿಗೆ ಪೂರ್ತಿ ಮಾನ್ಯತೆ ಸಿಕ್ಕಿದ್ದು 2013ರ ಅಕ್ಟೋಬರ್ ಕೊನೆಯಲ್ಲಿ. ಏರುವಾಗ ಇಳಿಯುವಾಗ ಕೂಡ ಫೋನು ಏರೋಪ್ಲೇನ್ ಮೋಡಿನಲ್ಲಿ ಆನ್ ಇರಬಹುದು ಎಂದು ಅಮೆರಿಕ ಒಪ್ಪಿತು. ನಮ್ಮ ವಿಮಾನಯಾನ ನಿಯಂತ್ರಕ ಡಿಜಿಸಿಎ ಒಪ್ಪಿದ್ದು 2014ರ ಏಪ್ರಿಲ್‌ನಲ್ಲಿ.

ಈ ಎರಡರ ನಡುವೆ, 2014ರ ಮಾರ್ಚ್ 8ರಂದು, ಇಡೀ ಜಗತ್ತು ನಮ್ಮ ಅಮ್ಮನ ಹಾಗೆ ಫೋನ್ ಒತ್ತಿ ಕಿವಿಗಿಟ್ಟುಕೊಂಡಿತು. ಕೌಲಾಲಂಪುರದಿಂದ ಬೀಜಿಂಗ್‌ಗೆ ಹೊರಟ ಮಲೇಷ್ಯಾದ ಎಂಎಚ್370 ವಿಮಾನ 239 ಜನರೊಂದಿಗೆ ಕಾಣೆಯಾಗಿತ್ತು. ಅವರಲ್ಲಿ ಐವರು ಭಾರತೀಯರು. ಬೀಜಿಂಗ್‌ನಲ್ಲಿ ಕಾದಿದ್ದ ಬಂಧುಗಳಲ್ಲಿ ಕೆಲವರಿಗೆ ತಮ್ಮವರ ನಂಬರಿನಲ್ಲಿ ರಿಂಗ್ ಕೇಳಿಸಿತು. ಫೋನು ರಿಂಗಾಗುತ್ತಿದೆ ಎಂದರೆ ಎಲ್ಲೋ ಇದ್ದಾರೆ ಎಂದೇ ಅವರು ನಂಬಿದರು. ತಜ್ಞರು ಹೇಳಬೇಕಾಗಿ ಬಂದ ಸತ್ಯ ನಿರ್ದಯವಾಗಿತ್ತು. ಕರೆ ಮಾಡಿದವರ ಕಿವಿಯಲ್ಲಿ ಕೇಳುವ ರಿಂಗ್ ಆ ಕಡೆಯ ಫೋನಿನದಲ್ಲ. ನಮ್ಮಲ್ಲಿ ಕಾಲರ್ ಟ್ಯೂನ್ ಹಾಕಿಸಿಕೊಂಡವರಿಗೆ ಕರೆ ಮಾಡಿದರೆ ಹಾಡು ಕೇಳುತ್ತದಲ್ಲ, ಅದನ್ನು ಅವರ ಫೋನು ಹಾಡುತ್ತದೆಯೇ? ರಿಂಗೂ ಹಾಗೇ, ಜಾಲದ ಯಂತ್ರದಲ್ಲೇ ಹುಟ್ಟುತ್ತದೆ. ಫೋನಿಗಾಗಿ ಇನ್ನೂ ಹುಡುಕುತ್ತಿರುವಾಗಲೇ ಅದನ್ನು ಕೇಳಿಸುವ ಜಾಲಗಳಿವೆ, ಕರೆ ಮಾಡಿದವರು ಬೇಸತ್ತು ಕಟ್ ಮಾಡದಿರಲಿ ಎಂದು.

ಅದೇ ರಾತ್ರಿಯ ಇನ್ನೊಂದು ಸುಳಿವು 2018ರ ತನಿಖಾ ವರದಿಯಲ್ಲಿ ದಾಖಲಾಗಿದೆ. ನಸುಕಿನ 1 ಗಂಟೆ 52 ನಿಮಿಷಕ್ಕೆ ಪೆನಾಂಗ್‌ನ ಬಂದಾರ್ ಬಾರು ಫರ್ಲಿಮ್‌ನಲ್ಲಿದ್ದ ಟವರೊಂದಕ್ಕೆ ಸಹ ಪೈಲಟ್‌ನ ಮೊಬೈಲಿನ ಸಂಕೇತ ತಾಕಿತ್ತು. ಕರೆಯಿಲ್ಲ, ಸಂದೇಶವಿಲ್ಲ. ಬಂದೆ ಎಂಬ ಒಂದು ಸಂಕೇತ ಮಾತ್ರ. ಅಂದರೆ ಆ ಗಳಿಗೆಯಲ್ಲಿ ಆ ಒಂದು ಫೋನು ಆಫ್ ಆಗಿರಲಿಲ್ಲ, ಏರೋಪ್ಲೇನ್ ಮೋಡಿನಲ್ಲೂ ಇರಲಿಲ್ಲ. ಅದರಾಚೆ ಆ ಸುಳಿವು ಬಾಯಿ ಬಿಡುವುದಿಲ್ಲ.

2014ರ ನವೆಂಬರ್‌ನಲ್ಲಿ ವಾಟ್ಸ್‌ಆ್ಯಪ್ ಸರಿಗುರುತಿಗೆ ನೀಲಿ ಬಣ್ಣ ಬಳಿಯಿತು. ಪತ್ತೇದಾರಿಕೆಗೆ ಹೊಸ ದಾರಿ ತೆರೆಯಿತು. ಒಂದು ಗೆರೆ ಎಂದರೆ ಸಂದೇಶ ಕಂಪನಿಯವರೆಗೆ ಹೋಗಿದೆ, ಎರಡು ಎಂದರೆ ಫೋನಿಗೆ ಮುಟ್ಟಿದೆ, ನೀಲಿ ಎಂದರೆ ಓದಿದ್ದಾರೆ. ಒಂದೇ ಗೆರೆಯನ್ನು ದಿಟ್ಟಿಸುತ್ತಾ ಕೂತವರ ಸಂಕಟ ದೊಡ್ಡದು. ಆ ಕಡೆ ಏರೋಪ್ಲೇನ್ ಮೋಡ್ ಇರಬಹುದು, ಡೇಟಾ ಆಫ್ ಇರಬಹುದು, ಚಾರ್ಜ್ ಮುಗಿದಿರಬಹುದು, ಇವರನ್ನು ಬ್ಲಾಕ್ ಮಾಡಿರಲೂಬಹುದು. ನನ್ನ ಸ್ನೇಹಿತನೊಬ್ಬ ಮೂರನೆಯವರ ಕೈಲಿ ಕರೆ ಮಾಡಿಸಿ ಸ್ವಿಚ್ ಆಫ್ ಎಂದು ಕೇಳಿದ ಮೇಲೆಯೇ ಊಟ ಮಾಡಿದ್ದುಂಟು.

ಈಗ ಈ ಸುಳಿವುಗಳೂ ಕಲಸಿಹೋಗಿವೆ. ಏರೋಪ್ಲೇನ್ ಮೋಡ್ ಹಾಕಿದ ಮೇಲೆ ವೈಫೈ ಒಂದನ್ನೇ ಮತ್ತೆ ಆನ್ ಮಾಡಿಕೊಳ್ಳಬಹುದು. ಆಗ ಕರೆಗೆ ಸ್ವಿಚ್ ಆಫ್ ಎಂಬ ಉತ್ತರ, ಸಂದೇಶಕ್ಕೆ ಎರಡು ಗೆರೆ. 2019ರ ಕೊನೆಗೆ ನಮ್ಮಲ್ಲಿ ಬಂದ ವೈಫೈ ಕಾಲಿಂಗ್ ಇದ್ದರೆ ವಿಮಾನದ ಗುರುತು ಹೊತ್ತ ಫೋನು ರಿಂಗೂ ಆಗಬಹುದು. ಸಿಗ್ನಲ್ ಸಿಗದ ಮಲೆನಾಡಿನ ಮನೆಗಳಲ್ಲಿ ಎಷ್ಟೋ ಜನ ಬ್ಯಾಟರಿ ಉಳಿಸಲು ಬೇಕೆಂದೇ ಹೀಗೆ ಮಾಡುತ್ತಾರೆ. 2020ರ ಮಾರ್ಚ್‌ನಲ್ಲಿ ಕೇಂದ್ರ ಸರ್ಕಾರ ವಿಮಾನದೊಳಗೂ ವೈಫೈಗೆ ಅವಕಾಶ ಕೊಟ್ಟ ಮೇಲೆ ಎರಡು ಗೆರೆ ಕಂಡ ಮಾತ್ರಕ್ಕೆ ಇಳಿದರು ಎನ್ನುವ ಹಾಗೂ ಇಲ್ಲ.

ಸೋಗಾನೆಯ ಶಿವಮೊಗ್ಗ ವಿಮಾನ ನಿಲ್ದಾಣದಿಂದ 2023ರ ಆಗಸ್ಟ್ ಕೊನೆಗೆ ವಿಮಾನ ಹಾರತೊಡಗಿದ ಮೇಲೆ ಅಮ್ಮನೂ ಒಮ್ಮೆ ಹತ್ತಿದಳು, ಒಬ್ಬಳೇ. ದೇವನಹಳ್ಳಿಯಲ್ಲಿ ನಾನು ಕಾಯುತ್ತಾ ನಿಂತಿದ್ದೆ. ನಂಬರ್ ಒತ್ತಿದೆ. ಸ್ವಿಚ್ ಆಫ್. ಸರಿ, ಹಾರ್ತು. ಮುಕ್ಕಾಲು ಗಂಟೆ ಬಿಟ್ಟು ಒತ್ತಿದೆ, ಸ್ವಿಚ್ ಆಫ್. ಬೋರ್ಡಿನ ಮೇಲೆ ವಿಮಾನ ಇಳಿದಿದೆ ಎಂದು ಬಂತು. ಮತ್ತೆ ಒತ್ತಿದೆ, ಸ್ವಿಚ್ ಆಫ್. ಮೇಲೆ ಬರೆದದ್ದೆಲ್ಲ ಗೊತ್ತಿದ್ದೂ ಹೊಟ್ಟೆಯಲ್ಲಿ ಏನೋ ಕಲಸಿತು. ಇನ್ನೊಂದು ಇಪ್ಪತ್ತು ನಿಮಿಷಕ್ಕೆ ಚೀಲ ಹಿಡಿದು ಬಾಗಿಲಿಂದ ಹೊರಬಂದಳು, ಇನ್ನೊಂದು ಕೈಯಲ್ಲಿ ಫೋನು. ಪಕ್ಕದ ಸೀಟಿನ ಹುಡುಗಿ ಹತ್ತುವಾಗ ಏನೋ ಒತ್ತಿಕೊಟ್ಟಿದ್ದಳಂತೆ. ಪರದೆಯ ಮೂಲೆಯಲ್ಲಿ ಆ ಪುಟ್ಟ ವಿಮಾನ ಇನ್ನೂ ಇಳಿದಿರಲಿಲ್ಲ.

"ಇಳಿದು ಅರ್ಧ ಗಂಟೆ ಆಯ್ತು ಮಾರಾಯ," ಎಂದಳು, "ನಿಂಗೆ ಒಂದು ಫೋನ್ ಮಾಡಕ್ಕಾಗ್ಲಿಲ್ವ?"