ಸಾಹಸದಿಂದ ಸಂಸಾರಕ್ಕೆ: ದೊರೈ–ಭಗವಾನರ ಚಿತ್ರಯಾತ್ರೆ

ಹುಳಿಯಾರಿನಿಂದ ತಿಪಟೂರು, ತುರುವೇಕೆರೆಗಳವರೆಗೆ ಹಬ್ಬಿರುವ ನಮ್ಮ ತೆಂಗಿನ ಸೀಮೆಯಲ್ಲಿ, ಹಗಲೆಲ್ಲ ತೋಟದ ಕೆಲಸದಲ್ಲಿ ದಣಿದು ಇರುಳು ಟೆಂಟಿನ ನೆಲದ ಮೇಲೆ ಕುಳಿತು ಚಿತ್ರ ನೋಡಿದ ತಲೆಮಾರಿನವರಿಗೆ, ಪಿಸ್ತೂಲು ಹಿಡಿದು ಕಳ್ಳಸಾಗಣೆದಾರರನ್ನು ಬೆನ್ನಟ್ಟುವ ನಟ ರಾಜಕುಮಾರರೂ, ಇದ್ದುದೆಲ್ಲವನ್ನೂ ದಾನವಿತ್ತು ಬರಿಗೈಯಾಗುವ ರಾಜಕುಮಾರರೂ ಸಮಾನವಾಗಿ ಪ್ರಿಯರು. ಪರಸ್ಪರ ವಿರುದ್ಧವೆಂದು ತೋರುವ ಈ ಎರಡು ಮೂರ್ತಿಗಳನ್ನೂ ಕಡೆದವರು ಬಿ. ದೊರೈರಾಜ್ ಮತ್ತು ಎಸ್. ಕೆ. ಭಗವಾನ್ ಎಂಬ ಒಂದೇ ನಿರ್ದೇಶಕ ಜೋಡಿ.

ದೊರೈರಾಜ್ ಛಾಯಾಗ್ರಾಹಕರು; ಭಗವಾನರು ಹಿರಣ್ಣಯ್ಯ ಮಿತ್ರಮಂಡಳಿಯ ನಾಟಕಗಳಿಂದ ಚಿತ್ರರಂಗಕ್ಕೆ ಬಂದವರು. ಒಬ್ಬರ ದೃಶ್ಯಜ್ಞಾನವೂ ಇನ್ನೊಬ್ಬರ ರಂಗಸಂಸ್ಕಾರವೂ ಕೂಡಿದುದರ ಫಲವಾಗಿ 1968ರಲ್ಲಿ ‘ಜೇಡರ ಬಲೆ’ ತೆರೆಗೆ ಬಂದಿತು. 1962ರಲ್ಲಿ ಆರಂಭವಾದ ಜೇಮ್ಸ್ ಬಾಂಡ್ ಚಿತ್ರಮಾಲೆ ಆಗ ಜಗತ್ತಿನ ಚಿತ್ರೋದ್ಯಮಗಳನ್ನೆಲ್ಲ ಕಲಕಿದ್ದಿತು. ಪೌರಾಣಿಕ ಪಾತ್ರಗಳಿಂದ ಜನಮನದಲ್ಲಿ ಪ್ರತಿಷ್ಠಿತರಾಗಿದ್ದ ರಾಜಕುಮಾರರನ್ನು ಸಿ.ಐ.ಡಿ. 999 ಆಗಿ ಪ್ರೇಕ್ಷಕರು ಒಪ್ಪುವಂತೆ ಮಾಡಿದುದು ಈ ಜೋಡಿಯ ಮೊದಲನೆಯ ಗೆಲುವು. ಅದೇ ವರ್ಷ ‘ಗೋವಾದಲ್ಲಿ ಸಿ.ಐ.ಡಿ. 999’, ಮರುವರ್ಷ, ಮುಂದೆ ಹಿಂದಿಯಲ್ಲಿ ಪ್ರಖ್ಯಾತರಾದ ರೇಖಾ ನಾಯಕಿಯಾಗಿದ್ದ ‘ಆಪರೇಷನ್ ಜಾಕ್‌ಪಾಟ್‌ನಲ್ಲಿ ಸಿ.ಐ.ಡಿ. 999’, ಬಹುಕಾಲದ ಬಳಿಕ 1978ರಲ್ಲಿ, ರಾಜಕುಮಾರರೇ ಇಂಗ್ಲಿಷ್ ಹಾಡೊಂದನ್ನು ಹಾಡಿದ ‘ಆಪರೇಷನ್ ಡೈಮಂಡ್ ರಾಕೆಟ್’ ಬಂದುವು.

ಇಷ್ಟಕ್ಕೇ ನಿಂತಿದ್ದರೆ ಅವರು ಕುತೂಹಲದ ಕಥೆಗಾರರೆಂದಷ್ಟೇ ನೆನಪಿನಲ್ಲಿರುತ್ತಿದ್ದರು. 1971ರ ‘ಕಸ್ತೂರಿ ನಿವಾಸ’ ಅವರ ಯೋಗ್ಯತೆಯ ಆಳವನ್ನು ತೋರಿಸಿತು. ಬೆಂಕಿಪೊಟ್ಟಣದ ಕಾರ್ಖಾನೆಯ ಒಡೆಯನೊಬ್ಬ ವ್ಯಾಪಾರದಲ್ಲಿ ಸೋತು ಸರ್ವಸ್ವವನ್ನೂ ಕಳೆದುಕೊಂಡರೂ ಕೊಡುವ ಕೈಯನ್ನು ಕೆಳಗಿಳಿಸಲೊಲ್ಲ. ಇಲ್ಲಿ ಗುಂಡಿನ ಸದ್ದಿಲ್ಲ, ಬೆನ್ನಟ್ಟುವಿಕೆಯಿಲ್ಲ. ಆದರೂ ಮುಂದೇನಾದೀತೆಂಬ ತಳಮಳ ಪತ್ತೇದಾರಿ ಚಿತ್ರಕ್ಕಿಂತ ಒಂದು ಗುಲಗಂಜಿಯೂ ಕಡಮೆಯಲ್ಲ. ಅಪಾಯವು ದೇಹವನ್ನು ಬಿಟ್ಟು ಶೀಲವನ್ನು ಮುತ್ತಿದಾಗ ಪ್ರೇಕ್ಷಕನ ಕಳವಳ ಇಮ್ಮಡಿಯಾಗುವುದೆಂಬ ಮರ್ಮವನ್ನು ಅವರು ಅರಿತಿದ್ದರು. ಅಟ್ಟದ ಮೇಲೆ ತಿಂಗಳುಗಟ್ಟಲೆ ಇಟ್ಟ ಕಾಯಿ ಹೊರಗೆ ಹಾಗೆಯೇ ಕಾಣುತ್ತಿದ್ದು ಒಳಗೊಳಗೇ ಕೊಬ್ಬರಿಯಾಗುವಂತೆ, ಸಾಹಸಚಿತ್ರಗಳಲ್ಲಿ ಕಲಿತ ಕಥನಕೌಶಲ ಇಲ್ಲಿ ಪರಿಪಕ್ವವಾಯಿತು. ಈ ಕಥೆ ಹಿಂದಿಯಲ್ಲಿ ಸಂಜೀವ್ ಕುಮಾರರಿಗೂ ತಮಿಳಿನಲ್ಲಿ ಶಿವಾಜಿ ಗಣೇಶನ್ನರಿಗೂ ಪಾತ್ರವಾಗಿ ದೊರೆಯಿತು.

ಬಳಿಕ ಅವರು ಕನ್ನಡದ ಕಾದಂಬರಿಗಳತ್ತ ತಿರುಗಿದರು. ವಾಣಿಯವರಿಂದ ‘ಎರಡು ಕನಸು’, ಭಾರತೀಸುತರಿಂದ ‘ಬಯಲು ದಾರಿ’, ತ.ರಾ.ಸು. ಅವರಿಂದ ‘ಚಂದನದ ಗೊಂಬೆ’. ಹೀಗೆ, ಓದುಗರ ಮನೆಯಲ್ಲಿದ್ದ ಕಥೆಗಳು ಓದುಬಾರದವರಿಗೂ ಬೆಳ್ಳಿತೆರೆಯ ಮೂಲಕ ತಲುಪಿದುವು. 1992ರ ‘ಜೀವನ ಚೈತ್ರ’ದಲ್ಲಿ ನಾಯಕನು ಹೋರಾಡಿದುದು ಹಳ್ಳಿಯನ್ನು ನುಂಗುತ್ತಿದ್ದ ಹೆಂಡದ ವಿರುದ್ಧ, ಆ ಚಿತ್ರದ ಗಾಯನಕ್ಕಾಗಿ ರಾಜಕುಮಾರರಿಗೆ ರಾಷ್ಟ್ರಪ್ರಶಸ್ತಿ ಸಂದಿತು.

2000ದಲ್ಲಿ ದೊರೈರಾಜ್, 2023ರ ಫೆಬ್ರವರಿಯಲ್ಲಿ ಭಗವಾನ್ ನಮ್ಮನ್ನಗಲಿದರು. ವೈವಿಧ್ಯವೆಂದರೆ ಗಾಳಿ ಬಂದತ್ತ ತಿರುಗುವ ಚಾಂಚಲ್ಯವಲ್ಲ. ಗೂಢಚಾರನಾಗಲಿ, ದಾನಿಯಾಗಲಿ, ಹಳ್ಳಿಯ ಹಿರಿಯನಾಗಲಿ, ಆಪತ್ತು ಎದುರಾದಾಗ ಮನುಷ್ಯನು ಏನನ್ನು ಬಿಟ್ಟುಕೊಡಲೊಲ್ಲನೆಂಬ ಒಂದೇ ಪ್ರಶ್ನೆಯನ್ನು ಅವರ ಚಿತ್ರಗಳು ಬೇರೆ ಬೇರೆ ಬಗೆಯಲ್ಲಿ ಕೇಳಿದುವು. ಸಾಹಸಪ್ರಿಯರಿಗೊಂದು, ಸಂಸಾರಸ್ಥರಿಗೊಂದು ಎಂದು ಚಿತ್ರಗಳನ್ನು ವಿಂಗಡಿಸುವ ಇಂದಿನ ನಿರ್ಮಾಪಕರು, ಒಂದೇ ಟೆಂಟಿನ ಒಂದೇ ಜನ ಎರಡನ್ನೂ ಮನಸಾರೆ ಮೆಚ್ಚಿದರೆಂಬುದನ್ನು ಈ ಜೋಡಿಯಿಂದ ಕಲಿಯಬೇಕು.