ಅಪ್ಪನ ಬಸ್ಸು, ನನ್ನ ಮೊಬೈಲು

ನಮ್ಮಪ್ಪ ಸರ್ಕಾರಿ ಬಸ್ಸಿನ ಡ್ರೈವರ್. ತಿಪಟೂರು–ಬೆಂಗಳೂರು ರೂಟು. ನಾನು ಬಿಸಿಎ ಓದುತ್ತಿದ್ದವಳು, ಸ್ಕೂಟಿ ಬಿಟ್ಟರೆ ಬೇರೇನೂ ಓಡಿಸಲು ಬಾರದವಳು. ಆದರೆ ಮೊಬೈಲಿನಲ್ಲಿ ಮಾತ್ರ ಬಸ್ಸು ಓಡಿಸುವುದರಲ್ಲಿ ನಮ್ಮ ಕ್ಲಾಸಿನ ಯಾವ ಹುಡುಗನಿಗೂ ಕಮ್ಮಿಯಿರಲಿಲ್ಲ.

ನಾನು ಆಡುತ್ತಿದ್ದದ್ದು ‘ಬಸ್ ಸಿಮ್ಯುಲೇಟರ್ ಇಂಡೋನೇಷ್ಯಾ’. 2017ರಲ್ಲಿ ಬಂದ ಈ ಗೇಮನ್ನು ಬಸ್ ಹುಚ್ಚಿರುವ ನಮ್ಮ ಹುಡುಗರಿಗೆ ಪರಿಚಯಿಸಬೇಕಾಗಿಲ್ಲ. ಅದರಲ್ಲಿರುವ ರಸ್ತೆ, ಊರು, ಟೋಲ್ ಎಲ್ಲ ಇಂಡೋನೇಷ್ಯಾದವು. ಆದರೆ ಬಸ್ಸಿಗೆ ನಮಗೆ ಬೇಕಾದ ಬಣ್ಣ ಬಳಿಯಬಹುದು, ಯಾರೋ ಅಭಿಮಾನಿ ಮಾಡಿದ ಹೊಸ ಬಸ್ಸನ್ನೇ ತಂದು ಸೇರಿಸಬಹುದು. ಇದಕ್ಕೆ ಗೇಮ್ ಮಾಡಿದವರೇ ಬಾಗಿಲು ತೆರೆದಿಟ್ಟಿದ್ದಾರೆ. ಅದಕ್ಕೇ ಜಾವಾದ ಘಾಟಿಗಳಲ್ಲಿ ಕೇರಳದ ಟೂರಿಸ್ಟ್ ಬಸ್ಸುಗಳೂ ನಮ್ಮ ಐರಾವತ, ರಾಜಹಂಸಗಳೂ ಓಡಾಡುತ್ತವೆ.

ನನಗೆ ಬೇಕಿದ್ದದ್ದು ಐರಾವತ ಅಲ್ಲ. ಅಪ್ಪನ ಕೆಂಪು ಬಸ್ಸು. ‘ಕರ್ನಾಟಕ ಸಾರಿಗೆ’ ಎಂದು ಬರೆದ, ಕೆಎ-06ರಿಂದ ಶುರುವಾಗುವ ನಂಬರಿನ, ‘ತಿಪಟೂರು – ಬೆಂಗಳೂರು’ ಬೋರ್ಡಿನ ಬಸ್ಸು.

ಐದನೇ ಸೆಮಿಸ್ಟರ್ ಮುಗಿದ ರಜೆಯಲ್ಲಿ ಒಂದು ಸಂಜೆ ಹುಡುಕಲು ಕೂತೆ. ಒಂದು ವಿಡಿಯೊ ಸಿಕ್ಕಿತು. ಕೆಂಪು ಬಸ್ಸು ಘಾಟಿ ಇಳಿಯುತ್ತಿದೆ, ಹಿಂದೆ ಹಾಡು. ಕೆಳಗೆ ‘ಎಲ್ಲ ಕರ್ನಾಟಕ ಬಸ್ಸುಗಳು ಒಂದೇ ಪ್ಯಾಕ್‌ನಲ್ಲಿ, ಜೊತೆಗೆ ಅನ್‌ಲಿಮಿಟೆಡ್ ದುಡ್ಡು’ ಎಂದು ಲಿಂಕು. ಕಾಮೆಂಟ್ ಬರೆಯುವ ಜಾಗ ಮುಚ್ಚಿತ್ತು. ಅದರ ಬಗ್ಗೆ ನಾನು ಯೋಚಿಸಲೇ ಇಲ್ಲ. ಲಿಂಕು ಒತ್ತಿದೆ, ಎಪಿಕೆ ಫೈಲೊಂದು ಇಳಿಯಿತು. ‘ಈ ಫೈಲ್ ಅಪಾಯಕಾರಿ ಆಗಿರಬಹುದು’ ಎಂದು ಫೋನು ಎಚ್ಚರಿಸಿತು. ವಿಡಿಯೊದಲ್ಲಿ ಅದಕ್ಕೂ ಉತ್ತರವಿತ್ತು: ‘ವಾರ್ನಿಂಗ್ ಬರುತ್ತೆ, ತಲೆ ಕೆಡಿಸಿಕೊಳ್ಳಬೇಡಿ, ಓಕೆ ಕೊಡಿ.’ ಕೊಟ್ಟೆ. ಮೆಸೇಜ್ ಓದುವ ಅನುಮತಿ ಕೇಳಿತು, ಕೊಟ್ಟೆ. ‘ಆಕ್ಸೆಸಿಬಿಲಿಟಿ’ ಎಂಬುದನ್ನು ಆನ್ ಮಾಡು ಎಂದಿತು, ಮಾಡಿದೆ. ಬಸ್ಸು ಮಾತ್ರ ಬರಲಿಲ್ಲ. ಯಾವುದೋ ಖಾಲಿ ಪರದೆ ತೆರೆದು ಮುಚ್ಚಿಕೊಂಡಿತು. ಥೂ, ಎಂದು ಫೋನು ಬದಿಗಿಟ್ಟು ಮಲಗಿದೆ.

ಬೆಳಿಗ್ಗೆ ನೋಡಿದರೆ ರಾತ್ರಿ ಎರಡು ಗಂಟೆಗೆ ಎರಡು ಒಟಿಪಿ ಬಂದಿದ್ದವು. ಎರಡನ್ನೂ ಓದಿದ ಗುರುತಿತ್ತು. ನಾನು ಓದಿರಲಿಲ್ಲ. ಅವುಗಳ ಕೆಳಗೆ 4,900 ರೂಪಾಯಿ ಹೋಗಿದೆ, ಮತ್ತೆ 4,900 ಹೋಗಿದೆ ಎಂಬ ಬ್ಯಾಂಕಿನ ಮೆಸೇಜು. ಅಮ್ಮ ಕೊಬ್ಬರಿ ಮಾರಿ, ಆರನೇ ಸೆಮಿಸ್ಟರ್ ಫೀಸಿಗೆಂದು ನನ್ನ ಖಾತೆಗೆ ಹಾಕಿಸಿದ್ದ ದುಡ್ಡು ಅದು.

ಅಪ್ಪ ಡ್ಯೂಟಿ ಮುಗಿಸಿ ಬಂದು ಕಾಫಿ ಕುಡಿಯುತ್ತಿದ್ದರು. ಹೇಳದೆ ವಿಧಿಯಿರಲಿಲ್ಲ. ಬೈಯುತ್ತಾರೆ ಅಂದುಕೊಂಡಿದ್ದೆ. ಅವರು ಪೂರ್ತಿ ಕೇಳಿಸಿಕೊಂಡು ಒಂದೇ ಪ್ರಶ್ನೆ ಕೇಳಿದರು: “ಅದನ್ನ ಮಾಡಿದೋನು ಯಾರು ಮಗ? ಹೆಸರೇನು?”

“ಗೊತ್ತಿಲ್ಲಪ್ಪ.”

“ಹೆಸರು ಗೊತ್ತಿಲ್ದೋನ ಕೈಗೆ ಬೀಗ ಕೊಟ್ಟುಬಿಟ್ಟೆಯಲ್ಲವ್ವ...”

ತಕ್ಷಣ 1930ಕ್ಕೆ ಫೋನ್ ಮಾಡಿದೆವು. ಸೈಬರ್ ವಂಚನೆಗೆಂದೇ ಇರುವ ಸಹಾಯವಾಣಿ ಅದು. ಸೈಬರ್ ಕ್ರೈಮ್ ಪೋರ್ಟಲ್‌ನಲ್ಲೂ ದೂರು ದಾಖಲಿಸಿದೆವು. ಎರಡನೇ ಸಲ ಹೋದ 4,900 ಮುಂದಕ್ಕೆ ದಾಟುವ ಮೊದಲೇ ತಡೆಹಿಡಿದರು, ತಿಂಗಳುಗಟ್ಟಲೆ ಓಡಾಡಿದ ಮೇಲೆ ಕೈಸೇರಿತು. ಮೊದಲನೆಯದು ಹೋಗಿಯೇ ಹೋಯಿತು. ಎಚ್ಚರವಾದ ಕೂಡಲೇ ಫೋನ್ ಮಾಡದೆ, ಹೇಗೆ ಹೇಳಲಿ ಎಂದು ಒಂದು ಗಂಟೆ ಹಾಸಿಗೆಯಲ್ಲೇ ಅಳುತ್ತ ಕೂತಿದ್ದೆ. ಆ ಒಂದು ಗಂಟೆ ನೆನೆದರೆ ಈಗಲೂ ಹೊಟ್ಟೆ ಉರಿಯುತ್ತದೆ. ನಿಮಗೆ ಹೀಗಾದರೆ ಮೊದಲು ಫೋನ್ ಮಾಡಿ, ಆಮೇಲೆ ಅಳಿ.

ಗೇಮಿನ ಸಹವಾಸವೇ ಬೇಡ ಎಂದು ಸ್ವಲ್ಪ ದಿನ ಸುಮ್ಮನಿದ್ದೆ. ಆದರೆ ಒಂದು ಪ್ರಶ್ನೆ ಕೊರೆಯುತ್ತಿತ್ತು. ಚೀಟು, ಮಾಡು ಎಲ್ಲವೂ ಮೋಸವೇ ಆಗಿದ್ದರೆ ಜಗತ್ತಿನಲ್ಲಿ ಇಷ್ಟು ಜನ ಹೇಗೆ ಆಡುತ್ತಿದ್ದಾರೆ? ಚಿಕ್ಕವಳಿದ್ದಾಗ ದೊಡ್ಡಪ್ಪನ ಮಗನ ಕಂಪ್ಯೂಟರಿನಲ್ಲಿ ‘ವೈಸ್ ಸಿಟಿ’ ಆಡುವಾಗ ‘ಪ್ಯಾಂಜರ್’ ಎಂದು ಟೈಪ್ ಮಾಡಿದರೆ ಆಕಾಶದಿಂದ ಟ್ಯಾಂಕ್ ಬಂದು ಬೀಳುತ್ತಿತ್ತು. ‘ಸ್ಯಾನ್ ಆ್ಯಂಡ್ರಿಯಾಸ್’ನಲ್ಲಿ ‘ಹೆಸೋಯಾಮ್’ ಎಂದರೆ ಜೀವವೂ ಬರುತ್ತಿತ್ತು, ಎರಡೂವರೆ ಲಕ್ಷ ಡಾಲರೂ ಬರುತ್ತಿತ್ತು. ಅಣ್ಣನ ಕಂಪ್ಯೂಟರಿಗೆ ಏನೂ ಆಗಿರಲಿಲ್ಲವಲ್ಲ?

ಓದುತ್ತ ಹೋದಂತೆ ವ್ಯತ್ಯಾಸ ತಿಳಿಯಿತು. ಆ ಚೀಟ್ ಕೋಡುಗಳು ಗೇಮ್ ಮಾಡಿದವರೇ ಒಳಗಿಟ್ಟವು. 1986ರಲ್ಲಿ ಜಪಾನಿನ ಕೊನಾಮಿ ಕಂಪನಿಯ ಕಝುಹಿಸಾ ಹಶಿಮೊಟೊ ‘ಗ್ರೇಡಿಯಸ್’ ಎಂಬ ಗೇಮನ್ನು ಮನೆಯಲ್ಲಿ ಆಡುವ ಯಂತ್ರಕ್ಕೆ ಒಗ್ಗಿಸುತ್ತಿದ್ದರು. ಪರೀಕ್ಷಿಸಿ ನೋಡಲು ಆಡಿದರೆ ಅವರಿಗೇ ಗೆಲ್ಲಲಾಗಲಿಲ್ಲ! ಅದಕ್ಕೇ ಒಂದು ಕ್ರಮದಲ್ಲಿ ಗುಂಡಿ ಒತ್ತಿದರೆ ಎಲ್ಲ ಶಕ್ತಿ ಸಿಗುವಂತೆ ಮಾಡಿಕೊಂಡರು. ಅದು ಗೇಮಿನಲ್ಲೇ ಉಳಿದು ಲೋಕಪ್ರಸಿದ್ಧವಾಯಿತು. ಇಂಥ ಕೋಡಿಗೆ ಏನನ್ನೂ ಡೌನ್‌ಲೋಡ್ ಮಾಡಬೇಕಿಲ್ಲ, ಹಾಗಾಗಿ ಹೆದರಬೇಕಿಲ್ಲ.

ಮಾಡ್ ಎಂದರೆ ಅಭಿಮಾನಿಗಳು ಹೊರಗಿನಿಂದ ತಂದು ಸೇರಿಸುವುದು. ಅದೂ ಕಳ್ಳಕೆಲಸವೇನಲ್ಲ. 1999ರಲ್ಲಿ ‘ಹಾಫ್-ಲೈಫ್’ ಗೇಮಿಗೆ ಇಬ್ಬರು ಹುಡುಗರು ಮಾಡಿದ ಮಾಡ್‌ನ ಹೆಸರು ‘ಕೌಂಟರ್-ಸ್ಟ್ರೈಕ್’. ಆಮೇಲೆ ಹಾಫ್-ಲೈಫ್ ಮಾಡಿದ ವಾಲ್ವ್ ಕಂಪನಿಯೇ ಅದನ್ನು ತನ್ನದಾಗಿಸಿಕೊಂಡಿತು.

ಮೂರನೆಯದು ಹ್ಯಾಕು. ಹತ್ತಾರು ಜನ ಒಟ್ಟಿಗೆ ಆಡುವ ಆನ್‌ಲೈನ್ ಗೇಮಿನಲ್ಲಿ ಗೋಡೆಯಾಚೆ ಕಾಣುವಂತೆ, ಗುರಿ ತಾನೇ ಕೂರುವಂತೆ ಮಾಡಿಕೊಳ್ಳುವುದು. ಅದು ಎದುರಿಗೆ ಆಡುವವನಿಗೆ ಮಾಡುವ ಮೋಸ. ಸಿಕ್ಕಿಬಿದ್ದರೆ ಖಾತೆ ಬಂದ್. ಅಂಥ ಗೇಮುಗಳಲ್ಲಿ ನಾಣ್ಯ, ವಜ್ರಗಳ ಲೆಕ್ಕವಿರುವುದು ಕಂಪನಿಯ ಸರ್ವರಿನಲ್ಲಿ. ಆದ್ದರಿಂದ ‘ಅನ್‌ಲಿಮಿಟೆಡ್ ಡೈಮಂಡ್’ ಕೊಡುತ್ತೇನೆ ಎನ್ನುವವನು ಹೆಚ್ಚುಕಮ್ಮಿ ಯಾವಾಗಲೂ ಸುಳ್ಳು ಹೇಳುತ್ತಿರುತ್ತಾನೆ. ಈ ಮೂರನೆಯದಕ್ಕೆ ಸುರಕ್ಷಿತ ದಾರಿ ಎಂಬುದೇ ಇಲ್ಲ, ಹುಡುಕಲೂಬಾರದು.

ಇಷ್ಟು ತಿಳಿದ ಮೇಲೆ ಧೈರ್ಯ ಮಾಡಿ ಬಸ್ ಗೇಮ್ ಆಡುವವರ ಒಂದು ಆನ್‌ಲೈನ್ ಬಳಗ ಸೇರಿದೆ. ನಮ್ಮವರೇ ಹೆಚ್ಚು, ಕೇರಳ, ತಮಿಳುನಾಡಿನವರೂ ಇದ್ದರು. ಮೊದಲ ದಿನವೇ ಗಾಬರಿ. ಬರೀ ಜಗಳ! ‘ಈ ಬಸ್ ಹಾಕಿದ್ರೆ ನನ್ನ ಫೋನ್ ಹ್ಯಾಂಗ್ ಆಗ್ತಿದೆ’, ‘ಗುರು, ನಿನ್ನ ಮಾಡ್‌ನಲ್ಲಿ ಹಿಂದಿನ ಚಕ್ರ ನೆಲಕ್ಕೇ ಮುಟ್ಟಲ್ಲ’, ‘ಈ ಬಣ್ಣ ನನ್ನದು, ಹೆಸರು ಹಾಕದೆ ಎತ್ತಿದ್ದೀಯ’. ಇಷ್ಟು ದೂರುಗಳಿರುವ ಜಾಗವನ್ನು ನಂಬುವುದು ಹೇಗೆ ಎಂದು ಅಪ್ಪನ ಹತ್ತಿರ ಹೇಳಿಕೊಂಡೆ.

ಅಪ್ಪ ನಕ್ಕರು. “ಡ್ಯೂಟಿ ಮುಗಿದ ಮೇಲೆ ಗಾಡೀಲಿ ಏನು ತೊಂದರೆ ಇದೆ ಅಂತ ನಾವು ಬರೆದುಕೊಡ್ತೀವಿ. ಬ್ರೇಕ್ ಎಳೀತದೆ, ಎಡಗಡೆ ಲೈಟಿಲ್ಲ, ಹಿಂಗೆ. ಮೆಕ್ಯಾನಿಕ್ ನೋಡಿ ಸರಿ ಮಾಡ್ತಾನೆ. ಹತ್ತು ದೂರು ಬರೆದಿರೋ ಗಾಡಿ ಹತ್ತೋಕೆ ನಂಗೆ ಭಯ ಇಲ್ಲ ಮಗ. ಒಂದು ವರ್ಷದಿಂದ ಒಂದೂ ದೂರಿಲ್ಲ ಅಂದ್ರೆ ಆ ಗಾಡಿ ಕಂಡ್ರೆ ಭಯ.”

ಕಾಮೆಂಟ್ ಮುಚ್ಚಿದ್ದ ಆ ವಿಡಿಯೊ ನೆನಪಾಯಿತು.

ಅಪ್ಪನ ಮಾತು ಎಷ್ಟು ನಿಜ ಎಂಬುದಕ್ಕೆ ಆಮೇಲೆ ಒಂದು ಘಟನೆ ಓದಿದೆ. 2015ರಲ್ಲಿ ‘ಜಿಟಿಎ 5’ಗೆ ‘ಆ್ಯಂಗ್ರಿ ಪ್ಲೇನ್ಸ್’ ಎಂಬ ಮಾಡ್ ಬಂದಿತ್ತು. ವಿಮಾನಗಳು ಸಿಟ್ಟಿನಿಂದ ಬಂದು ಮೇಲೆರಗುವ ತಮಾಷೆ. ಹಾಕಿಕೊಂಡವರು ಬಹಳ. ತನ್ನ ಕಂಪ್ಯೂಟರಿನಲ್ಲಿ ಸಂಬಂಧವೇ ಇಲ್ಲದ ಇನ್ನೊಂದು ಪ್ರೋಗ್ರಾಂ ಓಡುತ್ತಿರುವುದನ್ನು ಒಬ್ಬ ಆಟಗಾರ ಗಮನಿಸಿ, ಆಟಗಾರರ ಬಳಗದಲ್ಲಿ ಬರೆದ. ಉಳಿದವರು ಕೆದಕಿದರು. ಕೀಲಿಮಣೆಯಲ್ಲಿ ಒತ್ತಿದ್ದನ್ನೆಲ್ಲ ಕದಿಯುವ ಕಳ್ಳ ಒಳಗಿದ್ದ. 2023ರ ಜೂನ್‌ನಲ್ಲಿ ‘ಮೈನ್‌ಕ್ರಾಫ್ಟ್’ ಮಾಡ್‌ಗಳಿಗೂ ಹೀಗೇ ಆಯಿತು. ಕರ್ಸ್‌ಫೋರ್ಜ್‌ನಂಥ ಹೆಸರಾಂತ ತಾಣದಲ್ಲೇ ಬ್ರೌಸರಿನ ಪಾಸ್‌ವರ್ಡ್ ಕದಿಯುವ ಫೈಲುಗಳು ಸೇರಿಕೊಂಡಿದ್ದವು. ಆಗಲೂ ಮಾಡ್ ಮಾಡುವ ಹವ್ಯಾಸಿಗಳೇ ಒಟ್ಟಾಗಿ ಅದನ್ನು ಬಿಡಿಸಿ ನೋಡಿ, ಎಲ್ಲರಿಗೂ ಎಚ್ಚರಿಕೆ ಕೊಟ್ಟು, ಪತ್ತೆ ಮಾಡುವ ಉಪಾಯವನ್ನೂ ಹಂಚಿದರು.

ಹಾಗಾಗಿ ವಿಷವೇ ಬಾರದ ಜಾಗ ಎಂದು ಯಾವುದೂ ಇಲ್ಲ. ವಿಷ ಬಂದ ಕೂಡಲೇ ಕೂಗುವವರು ಇರುವ ಜಾಗ, ಕೂಗಿದ್ದನ್ನು ಯಾರೂ ಅಳಿಸದ ಜಾಗ, ಅದೇ ಸುರಕ್ಷಿತ.

ಬಳಗದಲ್ಲಿ ನನ್ನ ಮೊದಲ ಪ್ರಶ್ನೆಗೆ ಹಾಸನದ ಅಣ್ಣನೊಬ್ಬ ಉತ್ತರಿಸಿದ. “ಏನು ಬೇಕಮ್ಮ ನಿಂಗೆ? ಬಣ್ಣನಾ, ಬಸ್ಸಾ?” ಬಣ್ಣ ಎಂದೆ. “ಬಣ್ಣ ಅಂದ್ರೆ ಬರೀ ಒಂದು ಚಿತ್ರ. ಗ್ಯಾಲರೀಲಿರೋ ಫೋಟೊ ಥರ. ಚಿತ್ರ ಕೇಳಿದೋರಿಗೆ ಯಾರಾದ್ರೂ ಆ್ಯಪ್ ಕೊಟ್ರೆ ಅವನು ಚಿತ್ರ ಕೊಡ್ತಿಲ್ಲ, ಬೇರೆ ಏನೋ ಕೊಡ್ತಿದ್ದಾನೆ.”

ಬಿಸಿಎ ಓದುವ ನನಗೆ ಇದು ಹೊಳೆದಿರಲಿಲ್ಲ! ಅಂದಿನಿಂದ ನನ್ನ ಮೊದಲ ಪ್ರಶ್ನೆ ಇದೇ: ನನಗೆ ಬೇಕಾದದ್ದು ಯಾವ ಬಗೆಯ ಫೈಲು, ಕೈಗೆ ಬಂದದ್ದು ಯಾವ ಬಗೆಯದು? ಎರಡನೆಯದು, ಮಾಡಿದವರು ಯಾರು, ಹಿಂದೆ ಏನು ಮಾಡಿದ್ದಾರೆ, ದೂರು ಬಂದಾಗ ಉತ್ತರ ಕೊಟ್ಟಿದ್ದಾರಾ? ನಿನ್ನೆ ಹುಟ್ಟಿದ ಖಾತೆಯಾದರೆ ಕಾಯುತ್ತೇನೆ. ಹೊಸ ಫೈಲನ್ನು ಮೊದಲ ದಿನವೇ ಹಾಕುವ ಆತುರವೂ ಈಗಿಲ್ಲ. ಮೂರನೆಯದು, ಫೈಲನ್ನು ತೆರೆಯುವ ಮೊದಲು ವೈರಸ್‌ಟೋಟಲ್ ತಾಣಕ್ಕೆ ಹಾಕುತ್ತೇನೆ. ಹತ್ತಾರು ಆ್ಯಂಟಿವೈರಸ್‌ಗಳು ಒಟ್ಟಿಗೆ ನೋಡಿ ಹೇಳುತ್ತವೆ, ದುಡ್ಡಿಲ್ಲ. ಅಲ್ಲಿ ಪಾಸಾದರೆ ಪೂರ್ತಿ ಒಳ್ಳೆಯದು ಎಂದಲ್ಲ. ಫೇಲಾದರೆ ಮಾತ್ರ ಮತ್ತೆ ಯೋಚಿಸುವುದಿಲ್ಲ. ‘ಆ್ಯಂಟಿವೈರಸ್ ಆಫ್ ಮಾಡಿ’, ‘ವಾರ್ನಿಂಗ್ ಬಂದರೆ ಓಕೆ ಕೊಡಿ’, ‘ಮೊದಲು ಈ ಸರ್ವೆ ತುಂಬಿ’ ಎಂದಲ್ಲೆಲ್ಲ ಹಿಂದಕ್ಕೆ ಬರುತ್ತೇನೆ. ಬಸ್ಸಿನ ಗೇಮಿಗೆ ನನ್ನ ಮೆಸೇಜ್ ಓದುವ ಕೆಲಸವೇನು? ಕೊನೆಯದಾಗಿ, ಗೇಮೆಲ್ಲ ಈಗ ಹಳೆಯ ಫೋನಿನಲ್ಲಿ. ಅದರಲ್ಲಿ ಸಿಮ್ಮಿಲ್ಲ, ಬ್ಯಾಂಕಿಲ್ಲ, ನನ್ನ ಮುಖ್ಯ ಇಮೇಲ್ ಕೂಡ ಇಲ್ಲ.

ಇದೆಲ್ಲ ಬರೀ ಆಟಕ್ಕೆ ಎಂದುಕೊಂಡಿದ್ದೆ. ಡಿಗ್ರಿ ಮುಗಿಸಿ ಈಗ ಕೆಲಸ ಹುಡುಕುತ್ತಿದ್ದೇನೆ. ಹೋದ ತಿಂಗಳು ವಾಟ್ಸ್ಆ್ಯಪ್‌ಗೆ ಬೆಂಗಳೂರಿನ ಕಂಪನಿಯೊಂದರ ಹೆಸರಿನಲ್ಲಿ ‘ಇಂಟರ್‌ವ್ಯೂ ಕಾಲ್ ಲೆಟರ್’ ಬಂತು. ಇದ್ದಕ್ಕಿದ್ದ ಹಾಗೆ ಎದೆ ಹೊಡೆದುಕೊಂಡಿತು, ಐದು ತಿಂಗಳಿಂದ ಕಾಯುತ್ತಿದ್ದ ಪತ್ರ. ಬೆರಳು ಒತ್ತಲು ಹೋಗಿ ನಿಂತಿತು. ಫೈಲಿನ ಹೆಸರಿನ ಕೊನೆಯಲ್ಲಿ ಎಪಿಕೆ. ಪತ್ರ ಎಂದರೆ ಪತ್ರ. ಪತ್ರ ಕೇಳಿದವಳಿಗೆ ಆ್ಯಪ್ ಯಾಕೆ? ಅಳಿಸಿದೆ. ಜೊತೆಗೆ ಕೆಲಸ ಹುಡುಕುತ್ತಿರುವ ಗೆಳತಿಯರ ಗುಂಪಿನಲ್ಲಿ ದೂರು ಬರೆದೆ. ‘ನಂಗೂ ಬಂದಿದೆ ಕಣೇ, ಈಗ ಒತ್ತೋಳಿದ್ದೆ’ ಎಂದು ಒಬ್ಬಳು ಉತ್ತರಿಸಿದಳು. ಹೋದ 4,900ರಲ್ಲಿ ಸ್ವಲ್ಪ ವಾಪಸ್ ಬಂದ ಹಾಗಾಯಿತು.

ಅಪ್ಪನ ಬಸ್ಸಿನ ಕಥೆ ಹೇಳಲಿಲ್ಲ ಅಲ್ಲವೇ? ಯಾರ ಹತ್ತಿರವೂ ಅದು ಸಿಗಲಿಲ್ಲ. ಕೊನೆಗೆ ಹಾಸನದ ಅಣ್ಣನ ಹತ್ತಿರ ಕಲಿತು ನಾನೇ ಮಾಡಿದೆ. ಡಿಪೋ ಹತ್ತಿರ ನಿಂತು ನಾಲ್ಕೂ ಕಡೆಯಿಂದ ಫೋಟೊ ತೆಗೆದು, ಹದಿನೈದು ದಿನ ಕೂತು ಬಣ್ಣ ಬಿಡಿಸಿದೆ. ಅಪ್ಪನಿಗೆ ತೋರಿಸಿದರೆ ಕನ್ನಡಕ ಹಾಕಿಕೊಂಡು, ಹೊಗಳುವ ಬದಲು, “ಬೋರ್ಡ್‌ನಲ್ಲಿ ಗುಬ್ಬಿ ಬಿಟ್ಟಿದ್ದೀಯ. ವಯಾ ಗುಬ್ಬಿ, ತುಮಕೂರು ಅಂತ ಇರಬೇಕು. ಗುಬ್ಬಿಯೋರು ಹೆಂಗೆ ಹತ್ತುತಾರೆ?” ಎಂದರು. ತಿದ್ದಿದೆ.

ಅದನ್ನು ಬಳಗದಲ್ಲಿ ಹಾಕಿದ್ದೇನೆ, ನನ್ನ ಹೆಸರಿನೊಂದಿಗೆ. ಮೊದಲ ದಿನವೇ ಪಾಲಕ್ಕಾಡಿನ ಹುಡುಗನೊಬ್ಬ ಬರೆದ: ಎಡಗಡೆ ಕನ್ನಡಿಯ ಬಣ್ಣ ತಪ್ಪಾಗಿದೆ. ನೋಡಿದೆ, ಹೌದು. ಸರಿಪಡಿಸಿ ಮತ್ತೆ ಹಾಕಿದೆ. ಅವನ ದೂರನ್ನು ಮಾತ್ರ ಅಳಿಸಿಲ್ಲ, ಕೆಳಗೆ ಹಾಗೇ ಇದೆ. ನಾಳೆ ಯಾರೋ ಹೊಸಬರು ಬಂದು, ಈ ಬಸ್ಸು ಹತ್ತಬಹುದೋ ಬೇಡವೋ ಎಂದು ನೋಡುವಾಗ ಅವರಿಗೆ ಅದು ಕಾಣಬೇಕು.