ನಿಮಗಿದು ಗೊತ್ತೇ? ಹೋಸ್ಟ್ ಸಾಹೇಬರ ದರ್ಬಾರು

ಮೈನ್‌ಕ್ರಾಫ್ಟ್‌ನಲ್ಲಿ ಜೊತೆಗಾರನ ಆಟದ ಬಗೆಯನ್ನೇ ಬದಲಿಸಲು ಅವನ ಒಪ್ಪಿಗೆ ಬೇಕಿಲ್ಲ. ಸರ್ವರ್ ನಡೆಸುವ ಹೋಸ್ಟ್ ಚಾಟ್‌ನಲ್ಲಿ ಓರೆಗೆರೆ ಹಾಕಿ, ಗೇಮ್‌ಮೋಡ್, ಕ್ರಿಯೇಟಿವ್, ಆಟಗಾರನ ಹೆಸರು, ಈ ಮೂರನ್ನು ಇದೇ ಕ್ರಮದಲ್ಲಿ ಇಂಗ್ಲಿಷ್ ಅಕ್ಷರಗಳಲ್ಲಿ ಟೈಪ್ ಮಾಡಿ ಎಂಟರ್ ಒತ್ತಿದರೆ ಮುಗಿಯಿತು. ಆಚೆ ಇರುವವನಿಗೆ ‘ನಿಮ್ಮ ಮೋಡ್ ಬದಲಾಗಿದೆ’ ಎಂಬ ಸುದ್ದಿ ಮಾತ್ರ ತಲುಪುತ್ತದೆ.

ಮೋಡ್‌ಗಳು ನಾಲ್ಕು. ಹಸಿವು, ಸಾವು ಎಲ್ಲ ಇರುವ ಸರ್ವೈವಲ್. ಹಾರಾಡುತ್ತಾ ಬೇಕಾದ್ದನ್ನು ಬೇಕಾದಷ್ಟು ತೆಗೆದುಕೊಂಡು ಕಟ್ಟುವ ಕ್ರಿಯೇಟಿವ್. ಬ್ಲಾಕ್ ಒಡೆಯಲು ಬಿಡದ ಅಡ್ವೆಂಚರ್. ಗೋಡೆಯೊಳಗಿಂದಲೂ ತೂರಿ ನೋಡುವ ಸ್ಪೆಕ್ಟೇಟರ್. ಇವೆಲ್ಲ ಒಟ್ಟಿಗೇ ಹುಟ್ಟಿದವಲ್ಲ. ಆಟ ಸಾರ್ವಜನಿಕರ ಕೈಗೆ ಬಂದದ್ದು 2009ರ ಮೇನಲ್ಲಿ. ಅಡ್ವೆಂಚರ್ ಸೇರಿದ್ದು 2012ರಲ್ಲಿ, ಸ್ಪೆಕ್ಟೇಟರ್ 2014ರಲ್ಲಿ.

ಹಳೆಯ ಕೈಗಳು ಇವತ್ತಿಗೂ ‘ಗೇಮ್‌ಮೋಡ್ 1’ ಎಂದು ಹೊಡೆದು, ಕೆಂಪು ಅಕ್ಷರದ ಬೈಗುಳ ತಿನ್ನುತ್ತವೆ. ಕಂಪ್ಯೂಟರಿನ ಜಾವಾ ಆವೃತ್ತಿಯಲ್ಲಿ 2018ರ 1.13ರಿಂದ ಅಂಕಿಗಳ ಕಾಲ ಮುಗಿಯಿತು, ಮೋಡ್‌ನ ಪೂರ್ತಿ ಹೆಸರನ್ನೇ ಬರೆಯಬೇಕು. ಮೊಬೈಲಿನಲ್ಲಿ ಓಡುವ ಬೆಡ್‌ರಾಕ್ ಆವೃತ್ತಿ ಮಾತ್ರ ಅಂಕಿಯನ್ನು ಈಗಲೂ ಒಪ್ಪುತ್ತದೆ.

ಬೀದರ್ ಕಡೆಯಿಂದ ಬಂದು ಹೈದರಾಬಾದಿನ ಜೀಡಿಮೆಟ್ಲಾ ಕೈಗಾರಿಕಾ ಪ್ರದೇಶದಲ್ಲಿ ನೆಲೆನಿಂತ ಒಂದು ಮನೆ ಇದೆ ಎಂದುಕೊಳ್ಳಿ. ಅಣ್ಣ ಲ್ಯಾಪ್‌ಟಾಪಿನಲ್ಲಿ ತನ್ನ ಲೋಕವನ್ನು ‘ಓಪನ್ ಟು ಲ್ಯಾನ್’ ಮಾಡುತ್ತಾನೆ. ಅದೇ ವೈಫೈಗೆ ಸೇರಿರುವ ತಂಗಿ ತನ್ನ ಕಂಪ್ಯೂಟರಿನಿಂದ ಒಳಗೆ ಬರುತ್ತಾಳೆ, ಬಂದವಳೇ “ಅಣ್ಣಾ, ನನಗ ಕ್ರಿಯೇಟಿವ್ ಹಾಕೋ!” ಎನ್ನುತ್ತಾಳೆ. ಇಲ್ಲಿಯವರೆಗೆ ತೊಂದರೆಯಿಲ್ಲ. ಬೀದರಿನಲ್ಲಿರುವ ಸೋದರಮಾವನ ಮಗನಿಗೆ ಮಾತ್ರ ಆ ಲೋಕ ಕಾಣುವುದೇ ಇಲ್ಲ, ಏಕೆಂದರೆ ಲ್ಯಾನ್ ಎಂದರೆ ಒಂದೇ ಮನೆಯ ಜಾಲ. ಅವನು ಮೊಬೈಲಿನಲ್ಲಿ ಆಡುವವನಾದರೆ ಇನ್ನೂ ಕಷ್ಟ: ಜಾವಾ ಮತ್ತು ಬೆಡ್‌ರಾಕ್ ಆಟಗಾರರು ನೇರವಾಗಿ ಒಂದೇ ಲೋಕದಲ್ಲಿ ಸೇರಲಾರರು. ನಡುವೆ ಗೈಸರ್‌ನಂಥ ಸೇತುವೆ ತಂತ್ರಾಂಶ ಬೇಕು.

ಅದೇ ‘ಓಪನ್ ಟು ಲ್ಯಾನ್’ ಪರದೆಯಲ್ಲಿ ಆರಿಸುವ ಮೋಡ್ ಹೋಸ್ಟ್‌ಗೆ ಅಂಟುವುದಿಲ್ಲ, ಹೊರಗಿನಿಂದ ಬಂದು ಸೇರುವವರಿಗಷ್ಟೇ. ಪಕ್ಕದಲ್ಲೇ ಇಂಥ ಅಪ್ಪಣೆಗಳಿಗೆ ಅನುಮತಿ ಕೊಡುವ ‘ಅಲೋ ಚೀಟ್ಸ್’ (ಹೊಸ ಆವೃತ್ತಿಗಳಲ್ಲಿ ‘ಅಲೋ ಕಮಾಂಡ್ಸ್’) ಎಂಬ ಗುಂಡಿಯಿದೆ. ಲೋಕ ಸೃಷ್ಟಿಸುವಾಗ ಚೀಟ್ಸ್ ಬೇಡ ಎಂದಿದ್ದರೂ ಇಲ್ಲಿ ಆನ್ ಮಾಡಬಹುದು. ಲೋಕ ಮುಚ್ಚಿ ಮತ್ತೆ ತೆರೆದರೆ ಮತ್ತೆ ಆಫ್.

ಈಗ ಬಹಳ ಜನ ಹೋಸ್ಟ್‌ಗಳು ಗಮನಿಸದ ಸಂಗತಿ. ಲ್ಯಾನ್‌ನಲ್ಲಿ ಚೀಟ್ಸ್ ಆನ್ ಮಾಡಿದರೆ ಆ ಅಧಿಕಾರ ಬಂದವರಿಗೆಲ್ಲ ಸಿಗುತ್ತದೆ. ನೀವು ತಂಗಿಯನ್ನು ಕ್ರಿಯೇಟಿವ್‌ಗೆ ಕಳಿಸಬಹುದಾದಂತೆಯೇ ತಂಗಿ ನಿಮ್ಮನ್ನು ಅಡ್ವೆಂಚರ್‌ಗೆ ತಳ್ಳಿ ಕೈ ಕಟ್ಟಿಹಾಕಬಹುದು. ಲೋಕ ನಿಮ್ಮದು, ಲ್ಯಾಪ್‌ಟಾಪ್ ನಿಮ್ಮದು, ಕರೆಂಟ್ ಬಿಲ್ ನಿಮ್ಮಪ್ಪನದು. ಯಂತ್ರ ಇದ್ಯಾವುದನ್ನೂ ಲೆಕ್ಕಕ್ಕೆ ತೆಗೆದುಕೊಳ್ಳುವುದಿಲ್ಲ. ಅದು ನೋಡುವುದು ಅಪ್ಪಣೆ ಕೊಡುವವನಿಗೆ ಪರವಾನಗಿ ಇದೆಯೇ ಎಂಬುದನ್ನು ಮಾತ್ರ.

ಪ್ರತ್ಯೇಕ ಸರ್ವರ್‌ನಲ್ಲಿ ಈ ಪರವಾನಗಿಗೆ ಮೆಟ್ಟಿಲುಗಳಿವೆ, ನಾಲ್ಕು. ಇನ್ನೊಬ್ಬರ ಮೋಡ್ ಬದಲಿಸಲು ಎರಡನೆಯದು ಸಾಕು. ಮೂರನೆಯದರಲ್ಲಿ ನಿಂತವನು ಜನರನ್ನು ಹೊರಹಾಕಬಹುದು, ನಿಷೇಧಿಸಬಹುದು. ನಾಲ್ಕನೆಯದಕ್ಕೆ ಏರಿದವನು ಸರ್ವರನ್ನೇ ನಿಲ್ಲಿಸಿಬಿಡಬಹುದು. ತಮಾಷೆಯೆಂದರೆ, ಗೆಳೆಯನನ್ನು ಸುಮ್ಮನೆ ‘ಆಪ್’ (ಆಪರೇಟರ್) ಮಾಡಿದರೆ ಸಾಮಾನ್ಯವಾಗಿ ಅವನು ಸೀದಾ ನಾಲ್ಕಕ್ಕೇ ಏರುತ್ತಾನೆ. ಮೋಡ್ ಬದಲಿಸಲಿ ಅಂತ ಕೊಟ್ಟದ್ದು, ಮನೆಯ ಬೀಗದ ಕೈಯೇ ಹೋಯಿತು. ಕಡಿಮೆ ಕೊಡಬೇಕೆಂದರೆ ಸರ್ವರ್ ಕಡತದಲ್ಲಿ ಮಟ್ಟವನ್ನು ಮೊದಲೇ ಇಳಿಸಿಡಬೇಕು.

ಸರ್ವರಿನ ಕಪ್ಪು ಕನ್ಸೋಲ್ ಕಿಟಕಿಯಲ್ಲಿ ಅಪ್ಪಣೆ ಕೊಡುವಾಗ ಓರೆಗೆರೆಯೂ ಬೇಕಿಲ್ಲ.

ಎಲ್ಲರನ್ನೂ ಒಂದೇ ಏಟಿಗೆ ಬದಲಿಸಬೇಕೇ? ಹೆಸರಿನ ಜಾಗದಲ್ಲಿ @ ಚಿಹ್ನೆಯ ಮುಂದೆ ಇಂಗ್ಲಿಷಿನ ‘ಎ’ ಹಾಕಿದರೆ ಸರ್ವರಿನಲ್ಲಿರುವ ಸಮಸ್ತರೂ ಬಂದರು. ‘ಪಿ’ ಹಾಕಿದರೆ ಹತ್ತಿರದವನು, ‘ಆರ್’ ಹಾಕಿದರೆ ಯಾರೋ ಒಬ್ಬ, ‘ಎಸ್’ ಹಾಕಿದರೆ ನೀವೇ. ಇಷ್ಟು ದೂರದೊಳಗಿನವರು, ಈಗ ಕ್ರಿಯೇಟಿವ್‌ನಲ್ಲಿ ಇರುವವರು ಎಂದು ಜರಡಿ ಹಿಡಿಯಲೂ ಬರುತ್ತದೆ. ಕ್ರಿಯೇಟಿವ್‌ನಲ್ಲಿ ಮರೆತು ಬಿಟ್ಟವರನ್ನೆಲ್ಲ ಒಂದೇ ಸಾಲಿನಲ್ಲಿ ಸರ್ವೈವಲ್‌ಗೆ ಎಳೆತರುವ ಹೋಸ್ಟ್‌ಗಳು ಇದನ್ನೇ ಬಳಸುವುದು.

ಎಫ್3 ಮತ್ತು ಎಫ್4 ಒಟ್ಟಿಗೆ ಒತ್ತಿದಾಗ ಬರುವ ಮೋಡ್ ಬದಲಿಸುವ ಪಟ್ಟಿ (2020ರಿಂದ ಇದೆ) ಬಲು ಸೊಗಸು. ಅದು ನಡೆಯುವುದು ನಿಮ್ಮ ಮೇಲೆ ಮಾತ್ರ. ಬೇರೆಯವರಿಗಾದರೆ ಟೈಪ್ ಮಾಡಲೇಬೇಕು.

ಬೆಡ್‌ರಾಕ್‌ನಲ್ಲಿ ಗೆಳೆಯನ ಹೆಸರಿನ ನಡುವೆ ಜಾಗ ಇದ್ದರೆ ಹೆಸರನ್ನು ಉದ್ಧರಣ ಚಿಹ್ನೆಯೊಳಗೆ ಇಡಬೇಕು, ಇಲ್ಲದಿದ್ದರೆ ಅಪ್ಪಣೆ ಅರ್ಧಕ್ಕೇ ಮುಗ್ಗರಿಸುತ್ತದೆ. ಜಾವಾದಲ್ಲಿ ಈ ಕಾಟವಿಲ್ಲ. ಅಲ್ಲಿನ ಹೆಸರುಗಳಲ್ಲಿ ಜಾಗ ಬಿಡಲು ಅವಕಾಶವೇ ಇಲ್ಲ.

ಸರ್ವರಿನಲ್ಲಿ ಇಲ್ಲದವನ ಮೋಡ್ ಬದಲಿಸಲಾಗದು. ಅವನು ಬಂದ ಮೇಲೆಯೇ ಆಗಬೇಕು. ‘ಡೀಫಾಲ್ಟ್ ಗೇಮ್‌ಮೋಡ್’ ಬದಲಿಸಿದೆನಲ್ಲ ಎಂದು ಕೆಲವರು ನಿಶ್ಚಿಂತೆಯಿಂದ ಕೂರುತ್ತಾರೆ, ಆದರೆ ಅದರ ಫಲ ಸಾಮಾನ್ಯವಾಗಿ ಮೊದಲ ಬಾರಿ ಬರುವ ಹೊಸಬರಿಗೆ. ಹಳಬರು ಹೋಗುವಾಗ ಯಾವ ಮೋಡ್‌ನಲ್ಲಿದ್ದರೋ ಅದರಲ್ಲೇ ಮರಳುತ್ತಾರೆ. ಪ್ರತಿ ಸಲ ಒಳಬಂದಾಗಲೂ ಕಡ್ಡಾಯವಾಗಿ ಒಂದೇ ಮೋಡ್ ಇರಲಿ ಎನ್ನುವವರಿಗೆ ಸರ್ವರ್ ಕಡತದಲ್ಲಿ ‘ಫೋರ್ಸ್ ಗೇಮ್‌ಮೋಡ್’ ಎಂಬ ಸಾಲು ಬೇರೆಯೇ ಇದೆ.

ಹಾರುತ್ತಿರುವವನನ್ನು ಸರ್ವೈವಲ್‌ಗೆ ತಂದರೆ? ಬೀಳುತ್ತಾನೆ. ಬಿದ್ದ ಪೆಟ್ಟೂ ನಿಜದ್ದೇ, ಎತ್ತರದಲ್ಲಿದ್ದರೆ ಪ್ರಾಣವೇ ಹೋಗುತ್ತದೆ. ಸ್ಪೆಕ್ಟೇಟರ್ ಆಗಿ ಬಂಡೆಯೊಳಗೆ ತೂರಿದ್ದವನನ್ನು ಬದಲಿಸಿದರೆ ಅಲ್ಲೇ ಉಸಿರುಗಟ್ಟುತ್ತದೆ. ಮೊದಲು ನೆಲಕ್ಕಿಳಿಯಲು ಹೇಳಿ, ಆಮೇಲೆ ಎಂಟರ್ ಒತ್ತುವುದು ಸಭ್ಯ ಹೋಸ್ಟ್‌ನ ಲಕ್ಷಣ.

ಕ್ರಿಯೇಟಿವ್‌ನಲ್ಲಿ ಜೇಬಿಗೆ ಹಾಕಿಕೊಂಡ ವಜ್ರ ಸರ್ವೈವಲ್‌ಗೆ ಬಂದರೂ ಜೇಬಿನಲ್ಲೇ ಇರುತ್ತದೆ. ಎರಡಕ್ಕೂ ಒಂದೇ ಸಾಮಾನಿನ ಚೀಲ! ಐದೇ ನಿಮಿಷ ಕ್ರಿಯೇಟಿವ್ ಕೊಟ್ಟರೂ ಸರ್ವರಿನ ಇಡೀ ಆರ್ಥಿಕತೆ ಮಗುಚಿಬೀಳುವುದು ಇದರಿಂದಲೇ, ಜಗಳಗಳ ಮೂಲವೂ ಬಹುತೇಕ ಇದೇ. ಮೋಡ್‌ಗೊಂದು ಚೀಲ ಬೇಕಾದರೆ ಅದಕ್ಕೆಂದೇ ಇರುವ ಪ್ಲಗಿನ್ ಹಾಕಿಕೊಳ್ಳಬೇಕು.

ಬೀದರ್ ಕೋಟೆಯನ್ನೋ ಚಾರ್‌ಮಿನಾರನ್ನೋ ಬ್ಲಾಕ್ ಬ್ಲಾಕಾಗಿ ಕಟ್ಟಿದ ಮಕ್ಕಳು ನೋಡಲು ಬಂದವರನ್ನು ಅಡ್ವೆಂಚರ್‌ಗೆ ಹಾಕುವುದು ಜಾಣತನ. ಒಂದು ಇಟ್ಟಿಗೆಯೂ ಅಲುಗದು. ಆದರೆ ಪೆಟ್ಟಿಗೆ ತೆರೆಯಲು, ಒಳಗಿದ್ದುದನ್ನು ಎತ್ತಿಕೊಳ್ಳಲು ಅಡ್ವೆಂಚರ್ ಅಡ್ಡಿಮಾಡುವುದಿಲ್ಲ. ಕೋಟೆ ಭದ್ರ, ಖಜಾನೆ ಖಾಲಿ! ಅತಿಥಿಗಳ ಮೇಲೆ ನಂಬಿಕೆ ಸಾಲದಿದ್ದರೆ ಸ್ಪೆಕ್ಟೇಟರ್ ಕೊಡಿ: ಜಾವಾದಲ್ಲಿ ಪೆಟ್ಟಿಗೆಯೊಳಗೆ ಇಣುಕಬಹುದು, ಮುಟ್ಟುವಂತಿಲ್ಲ.

ಸ್ಪೆಕ್ಟೇಟರ್ ಆದವನು ಜಾವಾದಲ್ಲಿ ಪ್ರಾಣಿಗಳ ಕಣ್ಣಿನಿಂದಲೂ ಲೋಕ ನೋಡಬಲ್ಲ. ಕ್ರೀಪರ್‌ನ ಮೇಲೆ ಕ್ಲಿಕ್ಕಿಸಿದರೆ ಎಲ್ಲ ಹಸಿರು, ಎಂಡರ್‌ಮ್ಯಾನ್‌ನ ಮೇಲಾದರೆ ಬಣ್ಣವೆಲ್ಲ ತಿರುಗುಮುರುಗು.

ಬೆಡ್‌ರಾಕ್‌ನಲ್ಲಿ ಚೀಟ್ಸ್ ಒಮ್ಮೆ ಆನ್ ಮಾಡಿದರೆ ಆ ಲೋಕದಲ್ಲಿ ಅಚೀವ್‌ಮೆಂಟ್‌ಗಳ ಬಾಗಿಲು ಮುಚ್ಚಿತು. ಆಫ್ ಮಾಡಿದರೂ ತೆರೆಯದು. ಗುಂಡಿ ಒತ್ತುವ ಮೊದಲು ಆಟ ಎಚ್ಚರಿಸುತ್ತದೆ, ಓದುವವರು ಬೇಕಲ್ಲ! ಆದ್ದರಿಂದ ಅಲ್ಲಿ ಮೋಡ್‌ನ ಗೋಜಿಗೇ ಹೋಗದೆ, ಪಾಜ್ ಮೆನುವಿನಿಂದ ಅತಿಥಿಗೆ ‘ವಿಸಿಟರ್’ ದರ್ಜೆ ಕೊಡುವುದು ವಾಸಿ. ಒಡೆಯಲೂ ಆಗದು, ಕಟ್ಟಲೂ ಆಗದು.

ಜಾವಾ ಆವೃತ್ತಿಯ ಭಾಷೆಗಳ ಪಟ್ಟಿಯಲ್ಲಿ ಕನ್ನಡವೂ ಇದೆ! ಅನುವಾದ ಸ್ವಯಂಸೇವಕರದು. ಮೋಡ್ ಬದಲಾದ ಸೂಚನೆ ಸರ್ವರಿನಿಂದ ಹೊರಟರೂ ಅದು ಯಾವ ಭಾಷೆಯಲ್ಲಿ ಕಾಣಬೇಕೆಂಬುದು ನೋಡುವವನ ಕಂಪ್ಯೂಟರಿಗೆ ಬಿಟ್ಟದ್ದು. ಹಾಗಾಗಿ ಜೀಡಿಮೆಟ್ಲಾದ ಒಂದೇ ಸರ್ವರಿನಲ್ಲಿ ಒಬ್ಬ ಕನ್ನಡ ಆರಿಸಿಕೊಳ್ಳಬಹುದು, ಮತ್ತೊಬ್ಬ ಹಿಂದಿ. ಅಪ್ಪಣೆ ಮಾತ್ರ ಯಾರಿಗಾದರೂ ಇಂಗ್ಲಿಷಿನಲ್ಲೇ.

ಈ ಆಟಕ್ಕೂ ಹೈದರಾಬಾದಿಗೂ ಕರ್ನಾಟಕಕ್ಕೂ ಒಂದು ಕೊಂಡಿ ಇದೆ. ಆಟವನ್ನು ರೂಪಿಸಿದ ಸ್ಟಾಕ್‌ಹೋಮ್‌ನ ಮೊಜಾಂಗ್ ಕಂಪನಿಯನ್ನು ಮೈಕ್ರೋಸಾಫ್ಟ್ 2014ರ ಸೆಪ್ಟೆಂಬರಿನಲ್ಲಿ 250 ಕೋಟಿ ಡಾಲರಿಗೆ ಕೊಳ್ಳುವುದಾಗಿ ಘೋಷಿಸಿತು. ಆಗ ಸಿಇಒ ಪಟ್ಟಕ್ಕೇರಿ ಏಳು ತಿಂಗಳಾಗಿದ್ದ ಸತ್ಯ ನಾದೆಲ್ಲಾ ಓದಿದ್ದು ಬೇಗಂಪೇಟೆಯ ಹೈದರಾಬಾದ್ ಪಬ್ಲಿಕ್ ಸ್ಕೂಲಿನಲ್ಲಿ, ಆಮೇಲೆ ನಮ್ಮ ಮಣಿಪಾಲದ ಎಂಜಿನಿಯರಿಂಗ್ ಕಾಲೇಜಿನಲ್ಲಿ. 2023ರ ಹೊತ್ತಿಗೆ ಆಟದ 30 ಕೋಟಿಗೂ ಹೆಚ್ಚು ಪ್ರತಿಗಳು ಮಾರಾಟವಾಗಿದ್ದವು.

ಹಣ ಕೊಟ್ಟವರಿಗೆ ಕ್ರಿಯೇಟಿವ್, ಉಳಿದವರಿಗೆ ಸರ್ವೈವಲ್ ಎಂದು ಅಂಗಡಿ ತೆರೆಯುವ ಯೋಚನೆಯಿದ್ದರೆ ಕೈಬಿಡಿ. ಕಾಸಿಗೆ ಆಟದಲ್ಲಿ ಮೇಲುಗೈ ಮಾರುವ ಸರ್ವರ್‌ಗಳ ಮೇಲೆ ಮೊಜಾಂಗ್ 2014ರಲ್ಲೇ ಕಡಿವಾಣ ಹಾಕಿದೆ.

ಹಾರ್ಡ್‌ಕೋರ್ ಲೋಕದಲ್ಲಿ ಒಂದೇ ಜೀವ. ಸತ್ತವನು ಸ್ಪೆಕ್ಟೇಟರ್ ಆಗಿ ಅಲೆಯುತ್ತಾನೆ, ಅಷ್ಟೇ. ಆದರೆ ಪರವಾನಗಿ ಇರುವ ಯಾರಾದರೂ ಅವನ ಹೆಸರಿಗೆ ಸರ್ವೈವಲ್ ಹಾಕಿದರೆ ಎದ್ದು ನಿಲ್ಲುತ್ತಾನೆ. ಲೋಕವನ್ನು ಲ್ಯಾನ್‌ಗೆ ತೆರೆದು, ಚೀಟ್ಸ್ ಆನ್ ಮಾಡಿ, ತನ್ನನ್ನು ತಾನೇ ಬದುಕಿಸಿಕೊಂಡು, ಯಾರಿಗೂ ಹೇಳದೆ ಆಟ ಮುಂದುವರಿಸುವ ಹೋಸ್ಟ್‌ಗಳೂ ಉಂಟು.